ನಗು ನಿಲ್ಲುವ ಜಾಗ: ಅಲೆಕ್ಸ್ ಗಿಬ್ನಿಯ ಸಾಕ್ಷ್ಯಚಿತ್ರಗಳು

ಎನ್ರಾನ್ ಎಂದೊಡನೆ ನಮ್ಮ ಹಿರಿಯರಿಗೆ ಮಹಾರಾಷ್ಟ್ರದ ದಾಭೋಳ್ ವಿದ್ಯುತ್ ಸ್ಥಾವರ ನೆನಪಾಗುತ್ತದೆ. ನನಗೆ ಆ ಹೆಸರು ಸಿಕ್ಕಿದ್ದು ಅಮೆರಿಕದ ಅಲೆಕ್ಸ್ ಗಿಬ್ನಿ ನಿರ್ದೇಶಿಸಿದ ‘ಎನ್ರಾನ್: ದಿ ಸ್ಮಾರ್ಟೆಸ್ಟ್ ಗೈಸ್ ಇನ್ ದಿ ರೂಮ್’ (2005) ಸಾಕ್ಷ್ಯಚಿತ್ರದಲ್ಲಿ. ಹಾಸ್ಟೆಲ್ಲಿನಲ್ಲಿ ಗೆಳೆಯರ ಜೊತೆ ಅದನ್ನು ನೋಡುತ್ತ ಬಹಳ ನಕ್ಕಿದ್ದೆವು. ಕ್ಯಾಲಿಫೋರ್ನಿಯಾದಲ್ಲಿ ಕರೆಂಟು ಹೋಗುತ್ತಿದ್ದಾಗ ಕಂಪನಿಯ ವ್ಯಾಪಾರಿಗಳು ಫೋನಿನಲ್ಲಿ ಗೇಲಿ ಮಾಡುವ ಧ್ವನಿಮುದ್ರಿಕೆಗಳು, ಹಿನ್ನೆಲೆಯಲ್ಲಿ ಚುಚ್ಚುವ ಹಾಡುಗಳು. ಖಳರು ಯಾರೆಂಬುದು ಸ್ಪಷ್ಟವಿತ್ತು, ಅವರು ನಾವಲ್ಲ ಎಂಬುದು ಇನ್ನೂ ಸ್ಪಷ್ಟವಿತ್ತು.

ಸಂಶೋಧನೆಗಾಗಿ ಮತ್ತೆ ನೋಡಿದಾಗ ಅದೇ ಚಿತ್ರದ ಸಣ್ಣ ತುಣುಕೊಂದು ಕಾಡಿತು. ಮನಶ್ಶಾಸ್ತ್ರಜ್ಞ ಸ್ಟ್ಯಾನ್ಲಿ ಮಿಲ್‌ಗ್ರಾಮ್ 1960ರ ದಶಕದಲ್ಲಿ ನಡೆಸಿದ ಪ್ರಯೋಗ ಅದು. ‘ಮುಂದುವರಿಸಿ’ ಎಂದು ಅಧಿಕಾರಸ್ಥ ಹೇಳಿದರೆ ಸಾಕು, ಪಕ್ಕದ ಕೋಣೆಯವನಿಗೆ ಶಾಕ್ ತಗಲುತ್ತಿದೆಯೆಂದು ನಂಬಿಯೂ ಸಾಮಾನ್ಯ ಜನ ಗುಂಡಿ ಒತ್ತುತ್ತಾರೆ. ನಮ್ಮ ನಗುವಿಗೆ ಗಿಬ್ನಿ ಅಲ್ಲೇ ಒಂದು ಪ್ರಶ್ನೆ ಇಟ್ಟಿದ್ದ. ಆದರೆ ಕಥೆಯ ಓಟದಲ್ಲಿ ಅದು ಹಾಗೇ ದಾಟಿಹೋಗುತ್ತದೆ.

ಆ ಪ್ರಶ್ನೆಯೇ ಇಡೀ ಚಿತ್ರವಾದದ್ದು ‘ಟ್ಯಾಕ್ಸಿ ಟು ದಿ ಡಾರ್ಕ್ ಸೈಡ್’ನಲ್ಲಿ (2007). ಅಫ್ಘಾನಿಸ್ತಾನದ ಯುವ ಟ್ಯಾಕ್ಸಿ ಚಾಲಕ ದಿಲಾವರ್ 2002ರ ಡಿಸೆಂಬರಿನಲ್ಲಿ ಬಾಗ್ರಾಮ್‌ನ ಅಮೆರಿಕನ್ ಸೆರೆಮನೆಯಲ್ಲಿ ಸತ್ತ. ಸೇನೆಯದೇ ಮರಣಪತ್ರ ಅದನ್ನು ನರಹತ್ಯೆ ಎಂದಿತ್ತು. ಆ ಕಾಗದ ಮನೆಯವರ ಕೈಯಲ್ಲೇ ಇತ್ತು, ಇಂಗ್ಲಿಷಿನಲ್ಲಿ. ಅವರಿಗೆ ಅದು ಓದಲು ಬರುತ್ತಿರಲಿಲ್ಲ. ಪತ್ರಕರ್ತೆ ಕಾರ್ಲೊಟಾ ಗಾಲ್ ಊರಿಗೆ ಹೋಗಿ ಓದಿದಾಗಲೇ ಜಗತ್ತಿಗೆ ತಿಳಿದದ್ದು.

ಇಲ್ಲಿ ಗಿಬ್ನಿ ಯಾರನ್ನೂ ಗೇಲಿ ಮಾಡುವುದಿಲ್ಲ. ದಿಲಾವರ್‌ನನ್ನು ಕಾವಲು ಕಾದ, ವಿಚಾರಣೆ ಮಾಡಿದ ಸೈನಿಕರು ಕ್ಯಾಮೆರಾ ಮುಂದೆ ತಗ್ಗಿದ ದನಿಯಲ್ಲಿ ಮಾತಾಡುತ್ತಾರೆ. ಶಿಕ್ಷೆ ಕೆಳಗಿನವರಿಗಾಯಿತು, ಹಿಂಸೆಗೆ ದಾರಿ ತೆರೆದ ಆದೇಶಗಳು ಬಂದದ್ದು ಮೇಲಿಂದ. ಚಿತ್ರ ಕಾಗದಗಳನ್ನು ಹಿಡಿದು ಆ ಮೆಟ್ಟಿಲುಗಳನ್ನು ಒಂದೊಂದಾಗಿ ಹತ್ತುತ್ತದೆ. ಕೊನೆಗೆ ಬರುವವರು ನಿರ್ದೇಶಕನ ತಂದೆ ಫ್ರಾಂಕ್ ಗಿಬ್ನಿ. ಎರಡನೇ ಮಹಾಯುದ್ಧದಲ್ಲಿ ಜಪಾನಿ ಸೆರೆಯಾಳುಗಳನ್ನು ವಿಚಾರಣೆ ಮಾಡಿದ್ದ ಅವರ ಸಿಟ್ಟು, ತಮ್ಮ ವೃತ್ತಿಯ ಮಾನ ಹೋಯಿತೆಂದು ಕೊರಗುವವನ ಸಿಟ್ಟು. 2008ರಲ್ಲಿ ಆಸ್ಕರ್ ಬಂದಾಗ ಗಿಬ್ನಿ ಅದನ್ನು ದಿಲಾವರ್‌ಗೂ ಅಷ್ಟರಲ್ಲಿ ತೀರಿಕೊಂಡಿದ್ದ ತಂದೆಗೂ ಅರ್ಪಿಸಿದ.

ಆಮೇಲೆ ವಿಕಿಲೀಕ್ಸ್, ಸೈಂಟಾಲಜಿ, ರಷ್ಯಾದ ಖೊಡೊರ್ಕೊವ್‌ಸ್ಕಿ ಹೀಗೆ ಚಿತ್ರಗಳು ಸಾಲಾಗಿ ಬಂದವು. ನನ್ನ ತಕರಾರು ಇರುವುದು ಈ ಸಾಲಿನ ಬಗ್ಗೆ. ದೊಡ್ಡ ಮನುಷ್ಯನ ವರ್ಚಸ್ಸಿನ ಸುತ್ತ ತಿರುಗುವಾಗ ಗಿಬ್ನಿಯ ಕಥೆಗೆ ವೇಗ ಬರುತ್ತದೆ, ಗುಂಡಿ ಒತ್ತಿದ ಸಣ್ಣವರು ಮಸುಕಾಗುತ್ತಾರೆ. ಇದಕ್ಕೆ ಅಪವಾದ ‘ದಿ ಆರ್ಮ್‌ಸ್ಟ್ರಾಂಗ್ ಲೈ’ (2013). ಸೈಕಲ್ ವೀರ ಲ್ಯಾನ್ಸ್ ಆರ್ಮ್‌ಸ್ಟ್ರಾಂಗ್ 2009ರಲ್ಲಿ ಮರಳಿ ಬಂದುದನ್ನು ಗಿಬ್ನಿ ಚಿತ್ರೀಕರಿಸಿದ್ದ. ಉದ್ದೀಪನ ಮದ್ದಿನ ಸತ್ಯ ಹೊರಬಿದ್ದಾಗ ಆ ಚಿತ್ರವನ್ನು ಬದಿಗಿಟ್ಟು ಹೊಸದಾಗಿ ಕಟ್ಟಿದ, ತಾನೂ ಆ ಸುಳ್ಳಿಗೆ ಮರುಳಾಗಿದ್ದೆ ಎಂದು ತನ್ನದೇ ದನಿಯಲ್ಲಿ ಒಪ್ಪಿಕೊಂಡ. ತನಿಖೆ ಅಲ್ಲಿ ತನಿಖೆ ಮಾಡುವವನತ್ತಲೇ ತಿರುಗಿತು.

ನನ್ನ ಅಧ್ಯಾಯದ ಮೊದಲ ಕರಡಿನಲ್ಲಿ ಗಿಬ್ನಿಯನ್ನು ‘ಸತ್ಯ ಬಯಲು ಮಾಡುವವ’ ಎಂದು ಬರೆದಿದ್ದೆ. ಆ ಸಾಲನ್ನು ಹೊಡೆದುಹಾಕಿದ್ದೇನೆ. ದಿಲಾವರ್‌ನ ಸಾವಿನ ಸತ್ಯ ಅವನ ಮನೆಯಲ್ಲೇ ಮಡಿಸಿಟ್ಟ ಕಾಗದದಲ್ಲಿತ್ತು. ಬೇಕಾಗಿದ್ದದ್ದು ಅದನ್ನು ಓದಿ ಹೇಳುವವರು, ಕೇಳಿಸಿಕೊಂಡ ಮೇಲೆ ನಗದೆ ಕೂರುವ ನಾವು.