ಮಹಿತೊನ ಸಂಕಟ ನಮ್ಮ ಮಕ್ಕಳ ಕಿವಿಗೂ ಬೀಳಲಿ

ಜಪಾನಿ ಆ್ಯನಿಮೇಷನ್ ಮೆಚ್ಚುವವರಲ್ಲಿ ಒಂದು ನಂಬಿಕೆ ಬೇರೂರಿದೆ: ನೋಡಿದರೆ ಜಪಾನಿಯಲ್ಲೇ ನೋಡಬೇಕು, ಇಂಗ್ಲಿಷ್ ಡಬ್ಬಿಂಗ್ ಎಂದರೆ ಚಿತ್ರದ ಜೀವ ತೆಗೆದಂತೆ. ಹಯಾವೊ ಮಿಯಾಝಾಕಿಯವರ ‘ದಿ ಬಾಯ್ ಆ್ಯಂಡ್ ದಿ ಹೆರಾನ್’ (2023) ಬಗ್ಗೆಯೂ ಇದೇ ಮಾತು. ಯುದ್ಧಕಾಲದ ಟೋಕಿಯೊದಲ್ಲಿ ತಾಯಿಯನ್ನು ಬೆಂಕಿಗೆ ಕಳೆದುಕೊಂಡ ಹುಡುಗ ಮಹಿತೊನ ದುಃಖ ಪರರ ದನಿಯಲ್ಲಿ ಬರಲಾರದು ಎನ್ನುತ್ತಾರೆ. ನಾನಿದನ್ನು ಒಪ್ಪಲಾರೆ.

ಬರೆದ ಮುಖಕ್ಕೆ ಸ್ವಂತ ಕಂಠ ಎಲ್ಲಿಯದು? ಜಪಾನಿನಲ್ಲೂ ಮಹಿತೊಗೆ ಸೋಮಾ ಸಾಂತೋಕಿ ಎಂಬ ನಟ ದನಿ ಕೊಟ್ಟ. ಇಂಗ್ಲಿಷಿನಲ್ಲಿ ಲೂಕಾ ಪದೊವಾನ್ ಕೊಟ್ಟ. ಎರಡೂ ಕಂಠದಾನವೇ. ಇಂಗ್ಲಿಷಿನಲ್ಲಿ ರಾಬರ್ಟ್ ಪ್ಯಾಟಿನ್ಸನ್ ಹೆರಾನ್‌ಗೆ, ಅಂದರೆ ಬಕಪಕ್ಷಿಗೆ, ಕೊಟ್ಟ ಗೊಗ್ಗರು ದನಿಯಲ್ಲಿ ಆ ತಾರೆಯ ಗುರುತೇ ಸಿಗುವುದಿಲ್ಲ. ನಿನ್ನ ತಾಯಿ ಬದುಕಿದ್ದಾಳೆ ಎಂದು ಹುಡುಗನಿಗೆ ಆಸೆ ಹಚ್ಚುವ ಆ ದನಿ ಮೈ ಜುಮ್ಮೆನಿಸುತ್ತದೆ.

ಹೆರಿಗೆ ಕೋಣೆಯ ದೃಶ್ಯವನ್ನೇ ನೋಡಿ. ತಾಯಿಯ ತಂಗಿ ನತ್ಸುಕೊ ಈಗ ಮಹಿತೊಗೆ ಮಲತಾಯಿ, ತುಂಬು ಬಸುರಿ. ಕರೆದೊಯ್ಯಲು ಬಂದ ಹುಡುಗನ ಮುಖಕ್ಕೇ ನಿನ್ನನ್ನು ಕಂಡರಾಗದು ಎಂದು ಕಿರುಚುತ್ತಾಳೆ. ಮೇಲೆ ತೂಗುಬಿಟ್ಟ ಬಿಳಿ ಕಾಗದದ ಪಟ್ಟಿಗಳು ಗಿರಗಿರನೆ ಸುತ್ತಿ ಅವನ ಮೈಗೆ ಮೆತ್ತಿಕೊಳ್ಳುತ್ತವೆ. ಅಡಿಬರಹ ಓದುವವನ ಕಣ್ಣು ಆಗ ಪರದೆಯ ತಳದಲ್ಲಿರುತ್ತದೆ. ಮುಖ ನೋಡಬೇಕಾದ ಗಳಿಗೆಯಲ್ಲಿ ಅವನು ಅಕ್ಷರ ಕೂಡಿಸುತ್ತಿರುತ್ತಾನೆ. ಇಂಗ್ಲಿಷ್ ಬಲ್ಲವನು ಜೆಮ್ಮಾ ಚಾನ್ ದನಿಯಲ್ಲಿ ಆ ಕೂಗು ಕೇಳುತ್ತ ಮುಖ ನೋಡಬಲ್ಲ.

ಡಬ್ಬಿಂಗಿನ ಮೇಲಿನ ಅನುಮಾನಕ್ಕೆ ಕಾರಣವಿಲ್ಲದಿಲ್ಲ. 1998ರಲ್ಲಿ ಡಿಸ್ನಿ ಮಾಡಿಸಿದ ‘ಕಿಕೀಸ್ ಡೆಲಿವರಿ ಸರ್ವಿಸ್’ ಆವೃತ್ತಿ ಕಪ್ಪು ಬೆಕ್ಕಿನ ಬಾಯಿಗೆ ಮೂಲದಲ್ಲಿಲ್ಲದ ಚಟಾಕಿ ತುರುಕಿತ್ತು. ಅದು ಮೌನಕ್ಕೆ ಹೆದರಿದವರ ಕೆಲಸ. ಮಹಿತೊ ಕಲ್ಲಿನಿಂದ ತನ್ನ ತಲೆಗೆ ತಾನೇ ಹೊಡೆದುಕೊಳ್ಳುವಲ್ಲಿ ಈ ಚಿತ್ರದ ಇಂಗ್ಲಿಷ್ ತಂಡ ತುಟಿ ಬಿಚ್ಚಿಲ್ಲ.

ದುಃಖ ಭಾಷೆ ದಾಟದು ಎನ್ನುವವರು ಮೊಹರಮ್ಮಿಗೆ ಐಹೊಳೆ, ಹುನಗುಂದ, ಇಳಕಲ್ ಸೀಮೆಯ ಕಡೆ ಬರಬೇಕು. 680ರಲ್ಲಿ ಇರಾಕಿನ ಕರ್ಬಲಾದಲ್ಲಿ ಆದ ಸಾವುಗಳಿಗೆ ನಮ್ಮ ಉತ್ತರ ಕರ್ನಾಟಕದ ಮಂದಿ ಜಾತಿ ಧರ್ಮ ನೋಡದೆ ಕನ್ನಡದ ರಿವಾಯತ್ ಪದ ಕಟ್ಟಿ ಹಾಡುತ್ತ ಬಂದಿದ್ದಾರೆ. ಅರಬ್ಬಿ ತಿಳಿಯದವರ ಕಣ್ಣಲ್ಲೂ ನೀರು ಬರುತ್ತದೆ. ಆ ಅಳು ನಕಲಿ ಎನ್ನುವ ಧೈರ್ಯ ಯಾರಿಗಿದೆ?

ನನ್ನ ತಕರಾರು ಬೇರೆಯೇ ಇದೆ. ಇಂಗ್ಲಿಷ್ ಡಬ್ಬಿಂಗ್ ಚೆನ್ನಾಗಿದೆ, ಆದರೆ ಐಹೊಳೆಯ ಶಾಲೆಯ ಕೂಸಿಗೆ ಅದೂ ದೂರವೇ. ಕನ್ನಡದಲ್ಲಿ ಡಬ್ಬಿಂಗ್ ತಡೆದದ್ದು ಒಂದು ಕಾಲಕ್ಕೆ ನಮ್ಮ ಕಲಾವಿದರ ಅನ್ನ ಉಳಿಸಲು. ಆ ಹೋರಾಟವನ್ನು ನಾನು ಗೌರವಿಸುತ್ತೇನೆ. 2015ರಲ್ಲಿ ಭಾರತೀಯ ಸ್ಪರ್ಧಾ ಆಯೋಗ ಆ ತಡೆಯನ್ನು ತಪ್ಪೆಂದಿತು. ಅದಕ್ಕೂ ಮೊದಲೇ, 2009ರಿಂದ, ಚಿಂಟು ಟಿವಿಯಲ್ಲಿ ಕಾರ್ಟೂನುಗಳು ಕನ್ನಡ ಮಾತಾಡುತ್ತಿದ್ದವು. ನಗಿಸುವ ಚಿತ್ರಕ್ಕೆ ಸಂದ ಕನ್ನಡ, ತಾಯಿ ಸತ್ತ ಮಗುವಿನ ಚಿತ್ರಕ್ಕೆ ಏಕೆ ಸಲ್ಲದು?

ಕನ್ನಡದ ಕಂಠದಾನ ಕಲಾವಿದರೇ, ಚಿತ್ರ ಹಂಚುವವರೇ, ಇಂಥ ಚಿತ್ರಗಳನ್ನು ಕನ್ನಡಕ್ಕೆ ತನ್ನಿ. ಮೌನ ಇರುವಲ್ಲಿ ಮೌನವನ್ನೇ ಬಿಡಿ. ಬಕಪಕ್ಷಿ ನಮ್ಮ ಕಡೆಯ ಜವಾರಿ ಕನ್ನಡ ಆಡಿದರೂ ಆಡಲಿ.