ತ್ಯಜಿಸಿದ ವಸ್ತುಗಳ ಬೀದಿ: ಒಂದು ಕಲಾಕೃತಿಯ ವಿಮರ್ಶೆ

ಅಮೆರಿಕದ ಡೆಟ್ರಾಯಿಟ್ ನಗರದ ಪೂರ್ವಭಾಗದಲ್ಲಿ ಹೈಡೆಲ್‌ಬರ್ಗ್ ಎಂಬ ಬೀದಿಯಿದೆ. ಜನ ವಲಸೆ ಹೋಗಿ ಮನೆಗಳು ಪಾಳುಬಿದ್ದಿದ್ದ ಆ ಬೀದಿಯಲ್ಲೇ ಬೆಳೆದ ಕಲಾವಿದ ಟೈರೀ ಗೈಟನ್, 1986ರಲ್ಲಿ ತಮ್ಮ ಅಜ್ಜ ಸ್ಯಾಮ್ ಮ್ಯಾಕಿಯವರೊಡನೆ ಅಲ್ಲಿನ ಕಸವನ್ನು ಆಯತೊಡಗಿದರು. ಆಯ್ದದ್ದನ್ನು ಎಸೆಯಲಿಲ್ಲ; ಹಳೆಯ ಪಾದರಕ್ಷೆ, ಮುರಿದ ಗೊಂಬೆ, ಕಾರಿನ ಬಿಡಿಭಾಗಗಳನ್ನು ಪಾಳುಮನೆಗಳಿಗೂ ಮರಗಳಿಗೂ ಜೋಡಿಸಿ, ಗೋಡೆಗಳಿಗೆ ಬಣ್ಣದ ಚುಕ್ಕೆಗಳನ್ನಿಟ್ಟು, ಬೀದಿಯನ್ನೇ ಕಲಾಕೃತಿಯಾಗಿಸಿದರು.

ಕಟ್ಟುವವರಿಗೆ ಬೇಡವಾದ ಕಲ್ಲಿನ ದೃಷ್ಟಾಂತವನ್ನು ಬಲ್ಲ ನಮಗೆ ಇಲ್ಲಿ ಪುನರುತ್ಥಾನದ ಸಂಕೇತ ಥಟ್ಟನೆ ಹೊಳೆಯುತ್ತದೆ. ಆದರೆ ಕೃತಿಯ ನಿಜವಾದ ಶಕ್ತಿ ಇರುವುದು, ಮುರಿದದ್ದನ್ನು ಮುರಿದದ್ದಾಗಿಯೇ ತೋರಿಸುವುದರಲ್ಲಿ. ಪುನರುತ್ಥಾನರಾದ ಪ್ರಭುವಿನ ದೇಹದಲ್ಲಿ ಗಾಯದ ಗುರುತುಗಳು ಉಳಿದಂತೆ, ಇಲ್ಲಿಯೂ ಬೀದಿಗಾದ ಅನ್ಯಾಯವನ್ನು ಬಣ್ಣವು ಮರೆಮಾಚುವುದಿಲ್ಲ.

ನಗರಾಡಳಿತವು 1991 ಮತ್ತು 1999ರಲ್ಲಿ ಕೃತಿಯ ಭಾಗಗಳನ್ನು ಕೆಡವಿತು. ಆಕ್ಷೇಪಿಸಿದವರಲ್ಲಿ ನೆರೆಹೊರೆಯವರೂ ಇದ್ದರು. ಅವರ ಕಣ್ಣಿಗೆ ಅದು ಕಸವೇ ಆಗಿತ್ತು. ಇದನ್ನು ಕಲೆಯರಿಯದವರ ಮಾತೆಂದು ತಳ್ಳಿಹಾಕುವುದು ಸಲ್ಲದು. ನೋಡಿ ಹೊರಟುಹೋಗುವವನಿಗೆ ಪಾಳುಮನೆ ಒಂದು ಸಂಕೇತ. ಅಲ್ಲೇ ಬಾಳುವವನಿಗೆ ಅದು ದಿನವೂ ಬಾಗಿಲೆದುರು ಕಾಣುವ ಅವಮಾನ. ಗೈಟನ್ ಆ ಬೀದಿಯ ಮಗನೇ ಆದದ್ದರಿಂದ ಅವರ ಕೃತಿಗೊಂದು ನೈತಿಕ ಅಧಿಕಾರವಿದೆ. ಆದರೂ ಆ ಅಧಿಕಾರವು ನೆರೆಯವರ ಸಮ್ಮತಿಗೆ ಬದಲಿಯಾಗಲಾರದು.

ಬಡವರ ಕೇರಿಗಳ ಬಗ್ಗೆ ಪ್ರಬೋಧನೆ ಮಾಡುವ ಗುರುಗಳಾದ ನಮಗೆ ಆ ಬೀದಿಯಲ್ಲಿ ಹುಟ್ಟಿದ ಅಧಿಕಾರವೂ ಇಲ್ಲ. ಅವರ ನೋವನ್ನು ಸಂಕೇತವಾಗಿಸುವ ಮುನ್ನ ನಾವು ಅವರ ಬಾಗಿಲನ್ನು ತಟ್ಟಿದ್ದೇವೆಯೇ?