ಬೆಳೆಯುವ ಮೂಳೆ, ನಿಂತುಹೋದ ಸಂಕೇತ

ಅಮೆರಿಕದಲ್ಲಿ 2015ರ ಅಕ್ಟೋಬರ್ 1ರಿಂದ ಜಾರಿಯಲ್ಲಿರುವ ಐಸಿಡಿ-10-ಸಿಎಂ ಎಂಬ ರೋಗಸಂಕೇತಗಳ ಪುಸ್ತಕವನ್ನು ವಿಮೆಯವರ ಬಿಲ್ಲಿನ ಪುಸ್ತಕ ಎಂದು ಬೈಯುವುದು ಸುಲಭ. ಮಕ್ಕಳ ಮೂಳೆಮುರಿತದ ಪುಟಗಳನ್ನು ಓದಿದರೆ ಅದರ ಮೇಲೆ ಗೌರವ ಹುಟ್ಟುತ್ತದೆ. ಜೊತೆಗೆ ತಕರಾರೂ ಹುಟ್ಟುತ್ತದೆ.

ಎಸ್59.222ಪಿ ಎಂದು ಬರೆದರೆ ಸಾಕು: ಎಡಗೈ, ಮಣಿಕಟ್ಟಿನ ಹತ್ತಿರ ರೇಡಿಯಸ್ ಮೂಳೆಯ ಕೆಳತುದಿ, ಗ್ರೋತ್ ಪ್ಲೇಟಿನ (ಮೂಳೆ ಉದ್ದ ಬೆಳೆಯುವ ತುದಿಯ ಪಟ್ಟಿಯ) ಎರಡನೇ ಬಗೆಯ ಮುರಿತ, ಸೊಟ್ಟಗೆ ಕೂಡಿಕೊಂಡಿದೆ, ಇದು ಮರುಭೇಟಿ. ಕೊನೆಯ ಅಕ್ಷರದಲ್ಲೇ ಕಥೆಯೆಲ್ಲ ಇದೆ. 'ಎ' ಎಂದರೆ ಚಿಕಿತ್ಸೆ ನಡೆಯುತ್ತಿದೆ, 'ಡಿ' ಎಂದರೆ ಸರಿಯಾಗಿ ಮಾಯುತ್ತಿದೆ, 'ಕೆ' ಎಂದರೆ ಕೂಡಿಲ್ಲ, 'ಪಿ' ಎಂದರೆ ಸೊಟ್ಟ ಕೂಡಿದೆ, 'ಎಸ್' ಎಂದರೆ ಹಳೇ ಪೆಟ್ಟು ಬಿಟ್ಟುಹೋದ ಊನ. ದಾವಣಗೆರೆ ಕಡೆ ಬಿ.ಎಸ್ಸಿ., ಬಿ.ಫಾರ್ಮ ಓದಿದ ಹುಡುಗ ಹುಡುಗಿಯರು ಬೆಂಗಳೂರಿನ ಮೆಡಿಕಲ್ ಕೋಡಿಂಗ್ ಕಂಪನಿ ಸೇರಿದರೆ ಈ ಅಕ್ಷರಗಳನ್ನೇ ಬಾಯಿಪಾಠ ಮಾಡಬೇಕು.

ನನ್ನ ತಕರಾರು ಈ 'ಪಿ' ಮೇಲೆ. ದೊಡ್ಡವರ ಮೂಳೆ ಸೊಟ್ಟ ಕೂತರೆ ಸೊಟ್ಟವೇ. ಎಂಟು ವರ್ಷದ ಮಗುವಿನ ಮಣಿಕಟ್ಟು ಸ್ವಲ್ಪ ಬಾಗಿ ಕೂಡಿದ್ದರೆ, ಬೆಳೆಯುತ್ತಾ ಬೆಳೆಯುತ್ತಾ ಒಂದೆರಡು ವರ್ಷದಲ್ಲಿ ತಾನೇ ನೇರವಾಗುವುದುಂಟು. ತಿರುಚಿ ಕೂತದ್ದು ಮಾತ್ರ ಹಾಗೆ ಸರಿಹೋಗುವುದಿಲ್ಲ. ಇದಕ್ಕೆ ತದ್ವಿರುದ್ಧವೂ ನಡೆಯುತ್ತದೆ. ಎಕ್ಸ್-ರೇಯಲ್ಲಿ ಮೂಳೆ ಅಚ್ಚುಕಟ್ಟಾಗಿ ಕೂಡಿರುತ್ತದೆ, ಒಳಗೆ ಗ್ರೋತ್ ಪ್ಲೇಟ್ ಸತ್ತಿರುತ್ತದೆ. ರೇಡಿಯಸ್ಸಿನ ಉದ್ದದಲ್ಲಿ ಸುಮಾರು ಮುಕ್ಕಾಲು ಪಾಲು ಬೆಳೆಯುವುದು ಈ ಕೆಳತುದಿಯ ಪಟ್ಟಿಯಿಂದಲೇ. ಅದು ನಿಂತಾಗ ಪಕ್ಕದ ಅಲ್ನಾ ಮೂಳೆ ಬೆಳೆಯುತ್ತಲೇ ಹೋಗಿ, ಅಂಗೈಯನ್ನು ಹೆಬ್ಬೆರಳಿನ ಕಡೆಗೆ ದೂಡುತ್ತದೆ. ಇದು 'ಪಿ' ಅಲ್ಲ. ಬೆಳವಣಿಗೆ ನಿಂತದ್ದಕ್ಕೆ ಎಂ89.1ರ ಕೆಳಗಿನ ಸಂಕೇತವನ್ನು ಮೊದಲು ಬರೆದು, ಮೂಲ ಮುರಿತಕ್ಕೆ 'ಎಸ್' ಹಚ್ಚಿ ಅದರ ಹಿಂದೆ ಇಡಬೇಕು. ಪುಸ್ತಕದ ನಿಯಮಗಳಲ್ಲಿ ನನಗೆ ಅತ್ಯಂತ ಹಿಡಿಸಿದ್ದು ಈ ಜೋಡಣೆ; ಈಗಿನ ಊನಕ್ಕೂ ಹಿಂದಿನ ಬೀಳುವಿಕೆಗೂ ನಂಟು ಹಾಕಿಕೊಡುವುದು ಇದೊಂದೇ.

ಆದರೂ ಪುಸ್ತಕ ಎಡವುವ ಜಾಗವಿದೆ. 1963ರಲ್ಲಿ ಟೊರಾಂಟೊದ ಸಾಲ್ಟರ್ ಮತ್ತು ಹ್ಯಾರಿಸ್ ಈ ಮುರಿತಗಳನ್ನು ಐದು ಬಗೆಯಾಗಿ ವಿಂಗಡಿಸಿದರು. ಮೊದಲ ನಾಲ್ಕಕ್ಕೆ ಇಲ್ಲಿ ಪ್ರತ್ಯೇಕ ಅಂಕೆಗಳಿವೆ. ಐದನೆಯದು, ಪ್ಲೇಟ್ ಜಜ್ಜಿಹೋಗುವ ಬಗೆ, ಮೊದಲ ಎಕ್ಸ್-ರೇಯಲ್ಲಿ ಕಾಣುವುದೇ ಕಷ್ಟ. ಬೆಳವಣಿಗೆಗೆ ಎಲ್ಲಕ್ಕಿಂತ ಕೆಟ್ಟದ್ದೂ ಅದೇ. ಅದನ್ನು ಮಣಿಕಟ್ಟಿನ ಸಂಕೇತಗಳ ಸಾಲಿನಲ್ಲಿ 'ಇತರೆ'ಗೆ ತಳ್ಳಿದ್ದಾರೆ! ವಿಶ್ವ ಆರೋಗ್ಯ ಸಂಸ್ಥೆಯ ಮೂಲ ಐಸಿಡಿ-10ರಲ್ಲಂತೂ ಗ್ರೋತ್ ಪ್ಲೇಟಿನ ಮುರಿತಕ್ಕೆ ಬೇರೆ ಸಂಕೇತವೇ ಇಲ್ಲ; ದೊಡ್ಡವರ ಮುರಿತದ ಎಸ್52.5ರಲ್ಲೇ ಅದೂ ಸೇರಿಹೋಗುತ್ತದೆ.

ಇನ್ನು ನಮ್ಮ ಕಡೆಯ ಪರಿಸ್ಥಿತಿ. ಭಾನುವಳ್ಳಿಯಂಥ ಊರಲ್ಲಿ ಮಗು ಟ್ರ್ಯಾಕ್ಟರಿನಿಂದ ಬಿದ್ದು ಕೈ ಊದಿದರೆ "ಉಳುಕಿರಬೇಕು, ತಿಕ್ಕಿಸ್ಕೊಂಡು ಬಾ" ಎನ್ನುವುದು ಮನೆಯ ಮೊದಲ ಮಾತು. ಹರಿಹರದ ಸಾರ್ವಜನಿಕ ಆಸ್ಪತ್ರೆಯಾಗಲಿ, ದಾವಣಗೆರೆಯ ಚಿಗಟೇರಿ ಜಿಲ್ಲಾ ಆಸ್ಪತ್ರೆಯಾಗಲಿ, ಬಾಪೂಜಿ ಆಸ್ಪತ್ರೆಯಾಗಲಿ ನೆನಪಿಗೆ ಬರುವುದು ಆಮೇಲೆ. ನಾಟಿ ಕಟ್ಟು ಕಟ್ಟುವವರನ್ನು ಹಳಿಯುವುದು ನನ್ನ ಉದ್ದೇಶವಲ್ಲ. ಹತ್ತಿರ, ಅಗ್ಗ, ಕಾಯಿಸುವುದಿಲ್ಲ ಎಂದು ಜನ ಹೋಗುತ್ತಾರೆ. ಆದರೆ ವಾರ ಹತ್ತು ದಿನ ಕಳೆದ ಮೇಲೆ ಕೈಯನ್ನು ಮತ್ತೆ ಎಳೆದು ಕೂರಿಸುವುದು ಗ್ರೋತ್ ಪ್ಲೇಟಿಗೆ ಅಪಾಯ ಎಂಬ ಕಾರಣಕ್ಕೆ ಮೂಳೆತಜ್ಞರೂ ಹಿಂಜರಿಯುತ್ತಾರೆ. ಎಣ್ಣೆ ಹಚ್ಚಿ ದಿನಾ ತಿಕ್ಕುವಲ್ಲಿ ಆ ಹಿಂಜರಿಕೆ ಎಲ್ಲಿಂದ ಬರಬೇಕು? ಅಲ್ಲಿ ಚೀಟಿಯೂ ಇಲ್ಲ, ತಾರೀಖೂ ಇಲ್ಲ. ಆ ಮಗು ಹದಿನೈದರ ವಯಸ್ಸಿಗೆ ಸೊಟ್ಟಗೈ ಹಿಡಿದು ಬಂದಾಗ 'ಎಸ್' ಹಚ್ಚಲು ಮೂಲ ಮುರಿತವೇ ಕಡತದಲ್ಲಿ ಇರುವುದಿಲ್ಲ. ಆಯುಷ್ಮಾನ್ ಭಾರತ್ – ಆರೋಗ್ಯ ಕರ್ನಾಟಕದಲ್ಲೂ ಹಣ ನಿಗದಿಯಾಗುವುದು ಪ್ಯಾಕೇಜಿನ ಮೇಲೆ, ಅಂದರೆ ಇವತ್ತು ಮಾಡುವ ಶಸ್ತ್ರಚಿಕಿತ್ಸೆಯ ಮೇಲೆ. ಐದು ವರ್ಷದ ಹಿಂದಿನ ಬೀಳುವಿಕೆಯನ್ನು ಕೆದಕುವುದರಿಂದ ಯಾರ ಬಿಲ್ಲೂ ಬದಲಾಗದು.

2022ರ ಜನವರಿಯಿಂದ ಜಾರಿಗೆ ಬಂದ ಐಸಿಡಿ-11ರಲ್ಲಿ ಮೂಲ ಸಂಕೇತಕ್ಕೆ ಹೆಚ್ಚಿನ ವಿವರಗಳನ್ನು ಪೋಣಿಸಬಹುದು. ಒಳ್ಳೆಯದೇ. ಆದರೆ ಪೋಣಿಸಲು ಮೊದಲು ಯಾರಾದರೂ ಬರೆದಿಟ್ಟಿರಬೇಕಲ್ಲ. ಓಪಿಡಿ ಚೀಟಿಯ ಮೇಲೆ ನಾಲ್ಕು ಮಾತು ಬಿದ್ದರೂ ಕೋಡರ್‌ಗೆ ಕೆಲಸವಾಗುತ್ತದೆ: ಯಾವ ಕೈ, ಸಾಲ್ಟರ್ ಎಷ್ಟನೆಯ ಬಗೆ, ಬಿದ್ದ ದಿನ, ಆರು ತಿಂಗಳಿಗೆ ಮತ್ತೆ ಎಕ್ಸ್-ರೇಗೆ ಬರಬೇಕಾದ ದಿನ.